ಕತ್ತರಿ ಹಿಡಿದವನಿಗೆ ಹೆಸರು ಬೇಡವೆ?

ಸಿನಿಮಾದ ವಿಚಾರದಲ್ಲಿ ನಮ್ಮ ವಿದ್ಯಾವಂತರಿಗೆ ಒಂದು ವಿಚಿತ್ರವಾದ ಕುರುಡುಂಟು. ನಟನ ಹೆಸರು ಅವರಿಗೆ ಗೊತ್ತು. ನಟಿಯ ಹೆಸರು ಇನ್ನೂ ಚೆನ್ನಾಗಿ ಗೊತ್ತು. ಹಾಡಿದವರಾರು, ಹಾಡು ಬರೆದವರಾರು ಎಂಬುದನ್ನು ನಾವು ಕೇಳುವ ಮುನ್ನವೇ ಹೇಳುತ್ತಾರೆ. ಸ್ವಲ್ಪ ಓದಿಕೊಂಡವರಾದರೆ ನಿರ್ದೇಶಕನ ಹೆಸರನ್ನು ಹೇಳಿ, ಒಂದು ಗಳಿಗೆ ಸುಮ್ಮನಿದ್ದು, ತಾವು ಹೇಳಿದುದರ ತೂಕ ಎದುರಿನವರಿಗೆ ತಿಳಿಯಿತೇ ಎಂದು ನೋಡುತ್ತಾರೆ. ಇಷ್ಟೆಲ್ಲ ಬಲ್ಲ ಮಹನೀಯರನ್ನು, ‘ಆ ಚಿತ್ರದ ಸಂಕಲನ ಮಾಡಿದವರು ಯಾರು, ಸ್ವಾಮಿ?’ ಎಂದು ಒಮ್ಮೆ ಕೇಳಿ ನೋಡಿ. ಮದುವೆಯ ಊಟ ಮಾಡಿ ಎದ್ದವರನ್ನು ಅಡಿಗೆಯವನ ಹೆಸರು ಕೇಳಿದಂತಾಗುತ್ತದೆ. ಸಾರಿಗೆ ಉಪ್ಪು ಹೆಚ್ಚಾಗಿದ್ದರೆ ಮಾತ್ರ ಅವನ ನೆನಪು; ಊಟ ರುಚಿಯಾಗಿದ್ದರೆ ಕೀರ್ತಿ ಬೀಗರಿಗೆ.

ಈಚೆಗೆ ನಗರದ ಸಭೆಯೊಂದರಲ್ಲಿ ಸಜ್ಜನರೊಬ್ಬರು ಈ ಕುರುಡನ್ನು ಒಂದು ಸಿದ್ಧಾಂತವಾಗಿಯೇ ಮಂಡಿಸಿದರು. ‘ಸಂಕಲನವೆಂದರೇನು? ನಿರ್ದೇಶಕ ನೆಯ್ದು ಕೊಟ್ಟ ಬಟ್ಟೆಯನ್ನು ಅಳತೆಗೆ ಕತ್ತರಿಸುವ ದರ್ಜಿ ಕೆಲಸ. ದರ್ಜಿಗೆ ಕೂಲಿ ಸಲ್ಲಬೇಕು, ಸಲ್ಲುತ್ತಿದೆ. ಕೀರ್ತಿ ಏತಕ್ಕೆ?’ ಎಂದರು. ಸಭೆ ಚಪ್ಪಾಳೆ ತಟ್ಟಿತು. ಆ ಮಾತಿಗೆ ಅಲ್ಲಿಯೇ ಉತ್ತರ ಹೇಳಲು ಅವಕಾಶ ಸಿಗಲಿಲ್ಲ. ಆದುದರಿಂದ ಇಲ್ಲಿ ಹೇಳುತ್ತಿದ್ದೇನೆ.

ಮೊದಲನೆಯದಾಗಿ, ದರ್ಜಿಯ ಮೇಲೆ ಈ ತಾತ್ಸಾರ ಸಲ್ಲದು. ಅದು ಹೋಗಲಿ. ಹೋಲಿಕೆಯೇ ಸರಿಯಾಗಿಲ್ಲ. ದರ್ಜಿಗೆ ಬಟ್ಟೆ ಕೊಡುವವನು ಮೈಯ ಅಳತೆಯನ್ನೂ ಕೊಡುತ್ತಾನೆ. ಅಂಗಿಯೋ ನಿಲುವಂಗಿಯೋ ಎಂಬುದನ್ನು ಮೊದಲೇ ಹೇಳಿರುತ್ತಾನೆ. ಸಂಕಲನಕಾರನ ಮುಂದೆ ಬಂದು ಬೀಳುವುದು ಹಲವು ಸಲ ಇನ್ನೂ ಏನಾಗಬೇಕೆಂದು ತೀರ್ಮಾನವಾಗದ ರಾಶಿ. ಆ ರಾಶಿಯೊಳಗೆ ಒಂದು ದೇಹವಿದೆಯೇ, ಇದ್ದರೆ ಅದರ ತಲೆ ಯಾವುದು, ಕಾಲು ಯಾವುದು ಎಂಬುದನ್ನು ಕಂಡುಹಿಡಿಯತಕ್ಕವನು ಅವನು. ಚಿತ್ರ ತೆಗೆಯುವುದು ಮೈದಾನದಲ್ಲಿ. ಚಿತ್ರ ಆಗುವುದು ಮೇಜಿನ ಮೇಲೆ. ಇದನ್ನು ಬರಿಯ ವಾದದಿಂದ ಹೇಳಿದರೆ ನಂಬುವವರು ಕಡಿಮೆ. ಆದುದರಿಂದ ಒಂದು ಬಾಳಿನ ಉದಾಹರಣೆಯನ್ನೇ ಮುಂದಿಡುತ್ತೇನೆ. ಆ ಬಾಳು ಇಂಗ್ಲೆಂಡಿನದಾದರೂ ಅದರ ಒಂದು ಎಳೆ ನಮ್ಮ ಮೈಸೂರು ಸೀಮೆಯ ಕಾಡಿನಿಂದ ಹೊರಟದ್ದು.

ಚಾಮರಾಜನಗರದಿಂದ ನಂಜನಗೂಡಿಗೆ ಹೋಗುವ ಹಾದಿಯಲ್ಲಿರುವ ಬದನಗುಪ್ಪೆ ನನ್ನ ಊರು. ಈಗ ಆ ಹೆಸರು ಪತ್ರಿಕೆಗಳಲ್ಲಿ ಬರುವುದು ಬದನಗುಪ್ಪೆ–ಕೆಲ್ಲಂಬಳ್ಳಿ ಕೈಗಾರಿಕಾ ಪ್ರದೇಶದ ದೆಸೆಯಿಂದ. ಆದರೆ ನಮ್ಮ ಸೀಮೆಯ ಹೆಸರು ಹೊರಲೋಕಕ್ಕೆ ಮೊದಲು ಮುಟ್ಟಿದುದು ಆನೆಯ ಬೆನ್ನೇರಿ. ಮೈಸೂರು ಸರ್ಕಾರದಲ್ಲಿ ಕಾಲುವೆಗಳ ಕೆಲಸ ನೋಡುತ್ತಿದ್ದ ಜಿ.ಪಿ. ಸ್ಯಾಂಡರ್ಸನ್ ಎಂಬ ಇಂಗ್ಲಿಷ್ ಅಧಿಕಾರಿ ೧೮೭೪ರಲ್ಲಿ ಚಾಮರಾಜನಗರದ ಬಳಿ, ಬಿಳಿಗಿರಿರಂಗನ ಬೆಟ್ಟದ ಅಡಿಯಲ್ಲಿ, ಖೆಡ್ಡಾ ನಡೆಸಿ ಕಾಡಾನೆಗಳ ಹಿಂಡನ್ನೇ ಹಿಡಿದನು. ಆ ಅನುಭವವನ್ನು ೧೮೭೮ರಲ್ಲಿ ಪುಸ್ತಕವಾಗಿ ಬರೆದನು. ಆಮೇಲೆ ಕಿಪ್ಲಿಂಗ್ ಆನೆಗಳ ತೂಮಾಯಿಯ ಕಥೆಯನ್ನು ಬರೆದಾಗ, ಅದರಲ್ಲಿ ಬರುವ ಪೀಟರ್‌ಸನ್ ಸಾಹೇಬನಿಗೆ ಈ ಸ್ಯಾಂಡರ್ಸನ್ನನೇ ಮಾದರಿಯಾದನೆಂದು ಕಿಪ್ಲಿಂಗನನ್ನು ಓದಿದವರು ಹೇಳುತ್ತಾರೆ. ಕಥೆ ನಡೆಯುವುದು ಗಾರೋ ಬೆಟ್ಟಗಳಲ್ಲಿ. ಸಾಹೇಬನು ಪಾಠ ಕಲಿತದ್ದು ನಮ್ಮ ಬೆಟ್ಟದ ಬುಡದಲ್ಲಿ.

ಆ ಕಥೆಯನ್ನು ಚಿತ್ರವಾಗಿ ಮಾಡಬೇಕೆಂದು ಲಂಡನ್ನಿನ ಅಲೆಕ್ಸಾಂಡರ್ ಕೋರ್ಡಾ ಎಂಬ ನಿರ್ಮಾಪಕನು ಮನಸ್ಸು ಮಾಡಿದನು. ‘ನಾನೂಕ್ ಆಫ್ ದ ನಾರ್ತ್’ ಚಿತ್ರದಿಂದ ಜಗತ್ಪ್ರಸಿದ್ಧನಾಗಿದ್ದ ರಾಬರ್ಟ್ ಫ್ಲಹರ್ಟಿಯನ್ನು ಮೈಸೂರಿಗೆ ಕಳುಹಿಸಿದನು. ೧೯೩೫ರಲ್ಲಿ ಬಂದ ಫ್ಲಹರ್ಟಿಗೆ ನಾಲ್ವಡಿ ಕೃಷ್ಣರಾಜ ಒಡೆಯರ ಸರ್ಕಾರ ಸಕಲ ಸಹಾಯವನ್ನೂ ಮಾಡಿತು. ಇಳಿದುಕೊಳ್ಳಲು ಚಿತ್ತರಂಜನ್ ಮಹಲನ್ನು ಬಿಟ್ಟುಕೊಟ್ಟಿತು. ಕಾಕನಕೋಟೆಯ ಕಾಡಿನಲ್ಲಿ ಖೆಡ್ಡಾ ಏರ್ಪಡಿಸಿಕೊಟ್ಟಿತು. ಕಾರಾಪುರದಲ್ಲಿ ಮಾವುತನ ಮಗನಾಗಿ ಹುಟ್ಟಿದ ಸಾಬು ಎಂಬ ಹುಡುಗ ನಾಯಕನಾದನು. ಅರಮನೆಯ ಐರಾವತವೆಂಬ ಆನೆ ಕಥೆಯ ಕಾಲಾ ನಾಗನಾಯಿತು. ಫ್ಲಹರ್ಟಿ ಒಂದು ವರ್ಷಕ್ಕೂ ಮೀರಿ ಇಲ್ಲಿದ್ದು, ಐವತ್ತು ಗಂಟೆಗೂ ಮೀರಿದಷ್ಟು ಚಿತ್ರ ತೆಗೆದನು. ಅಷ್ಟು ತೆಗೆದರೂ ಲಂಡನ್ನಿನವರಿಗೆ ಅದರಲ್ಲಿ ಕಥೆ ಕಾಣಿಸಲಿಲ್ಲ.

ಆಗ ಅಲೆಕ್ಸಾಂಡರನ ತಮ್ಮ ಜೋಲ್ಟಾನ್ ಕೋರ್ಡಾ ಬಂದನು. ಸಾಬುವನ್ನು ಇಂಗ್ಲೆಂಡಿಗೆ ಕರೆಸಿಕೊಂಡರು. ಡೆನ್ಹಮ್ ಸ್ಟುಡಿಯೋದಲ್ಲಿ ಕೃತಕವಾದ ಕಾಡು ಎದ್ದಿತು. ಇಂಗ್ಲಿಷ್ ನಟರು ಮುಖಕ್ಕೆ ಬಣ್ಣ ಬಳಿದುಕೊಂಡು ನಮ್ಮ ಕಡೆಯ ಬೇಟೆಗಾರರೂ ಮಾವುತರೂ ಆದರು. ಹುಡುಗನಿಗೆ ಇಂಗ್ಲಿಷ್ ಮಾತು ಕಲಿಸಿದರು. ಫ್ಲಹರ್ಟಿಗೆ ಕಾಡು, ಆನೆ, ಮಳೆ, ಹುಡುಗನ ಮುಖ ಇವು ಸಾಕಾಗಿದ್ದವು. ಕೋರ್ಡಾಗೆ ಕಥೆ, ಖಳ, ಸಂಭಾಷಣೆ, ಮುಕ್ತಾಯ ಬೇಕಾಗಿದ್ದವು. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎಂಬ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ.

ಇಂಥ ಎರಡು ಚಿತ್ರಗಳನ್ನು ಒಂದು ಚಿತ್ರ ಮಾಡುವ ಕೆಲಸ ಇಪ್ಪತ್ತಾರು ವರ್ಷದ ಒಬ್ಬ ತರುಣನ ಪಾಲಿಗೆ ಬಂದಿತು. ಅವನ ಹೆಸರು ಚಾರ್ಲ್ಸ್ ಕ್ರೈಟನ್. ಅವನ ಮೇಲ್ವಿಚಾರಕನಾಗಿ ವಿಲಿಯಂ ಹಾರ್ನ್‌ಬೆಕ್ ಎಂಬ ಅಮೆರಿಕದ ಹಿರಿಯ ಸಂಕಲನಕಾರನಿದ್ದನು; ಆ ಹಿರಿಯನ ಪಾಲನ್ನು ನಾನು ಕಡಿಮೆ ಮಾಡುವುದಿಲ್ಲ. ಆದರೆ ತುಣುಕುಗಳನ್ನು ಕೈಯಲ್ಲಿ ಹಿಡಿದು ಬೆಳಕಿಗೆ ನೋಡಿ ಜೋಡಿಸಿದವನು ಕ್ರೈಟನ್.

ಈ ಕೆಲಸದ ಲೆಕ್ಕವನ್ನು ವಾಚಕರು ಒಮ್ಮೆ ಮನಸ್ಸಿಗೆ ತಂದುಕೊಳ್ಳಬೇಕು. ಮೂವತ್ತೈದು ಮಿಲಿಮೀಟರ್ ಫಿಲ್ಮಿನ ಒಂದು ಅಡಿಯಲ್ಲಿ ೧೬ ಚೌಕಟ್ಟುಗಳಿರುತ್ತವೆ. ಒಂದು ಸೆಕೆಂಡಿಗೆ ೨೪ ಚೌಕಟ್ಟು ಓಡಬೇಕು. ಎಂದರೆ ನಿಮಿಷಕ್ಕೆ ೯೦ ಅಡಿ. ಸಾವಿರ ಅಡಿಯ ಒಂದು ಸುರುಳಿ ಹನ್ನೊಂದು ನಿಮಿಷದಲ್ಲಿ ಮುಗಿಯುತ್ತದೆ. ಐವತ್ತು ಗಂಟೆ ಎಂದರೆ ಇಂಥ ಸುರುಳಿಗಳು ಇನ್ನೂರ ಎಪ್ಪತ್ತು. ತೆರೆಯ ಮೇಲೆ ಬಂದ ‘ಎಲಿಫೆಂಟ್ ಬಾಯ್’ ಚಿತ್ರದ ಅವಧಿ ಸುಮಾರು ೮೦ ನಿಮಿಷ. ಅದರಲ್ಲಿಯೂ ಒಂದು ಪಾಲು ಡೆನ್ಹಮ್ಮಿನದು. ಮೈಸೂರಿನಿಂದ ಹೋದ ಚಿತ್ರದಲ್ಲಿ ನಲವತ್ತು ಪಾಲಿಗೆ ಒಂದು ಪಾಲೂ ಉಳಿಯಲಿಲ್ಲವೆಂದಾಯಿತು. ಉಳಿದದ್ದನ್ನು ಕಂಡು ನಾವು ಮೆಚ್ಚುತ್ತೇವೆ. ಬಿಟ್ಟದ್ದು ಯಾವುದು, ಏಕೆ ಬಿಟ್ಟಿತು ಎಂಬ ನಿರ್ಣಯ ನಮಗೆ ಕಾಣುವುದಿಲ್ಲ. ಸಂಕಲನಕಾರನ ಮುಕ್ಕಾಲು ಪಾಲು ಕೆಲಸ ಹೀಗೆ ಕಾಣದೆ ಇರುವುದರಲ್ಲಿಯೇ ಇದೆ.

ಕಾಣುವ ಕೆಲಸವನ್ನೇ ನೋಡೋಣ. ಹುಡುಗ ನಮ್ಮ ಕಾಡಿನಲ್ಲಿ ಆನೆಯ ಸೊಂಡಿಲು ಹಿಡಿದು ಮೇಲೇರುತ್ತಾನೆ. ಮುಂದಿನ ತುಣುಕಿನಲ್ಲಿ ಇಂಗ್ಲೆಂಡಿನ ದೀಪಗಳ ಕೆಳಗೆ ಮಾತನಾಡುತ್ತಾನೆ. ನಡುವೆ ಇರುವುದು ಸಾವಿರಾರು ಮೈಲಿ ಸಮುದ್ರ. ನೋಡುವವನಿಗೆ ಆ ಸಮುದ್ರ ಗೋಚರಿಸಿದರೆ ಚಿತ್ರ ಕೆಟ್ಟಿತು. ಕಥೆಯ ಕೊನೆಯಲ್ಲಿ ಆನೆಗಳ ನೃತ್ಯವಿದೆ. ಆನೆ ಕಥೆಯಲ್ಲಿ ಸುಲಭವಾಗಿ ಕುಣಿಯುತ್ತದೆ. ತೆರೆಯ ಮೇಲೆ ಅದು ಕುಣಿಯಬೇಕಾದರೆ ಕಾಲುಗಳ ತುಣುಕು, ಸೊಂಡಿಲುಗಳ ತುಣುಕು, ಮರಗಳ ತುಣುಕು ಇವನ್ನು ತಾಳಕ್ಕೆ ಹೊಂದಿಸಿ ಕೂಡಿಸಬೇಕು. ತಾಳ ಹಾಕಿದವನು ಮೇಜಿನ ಮುಂದೆ ಕುಳಿತವನು. ನಮ್ಮ ಸಭೆಯ ಸಜ್ಜನರು ಇದನ್ನು ದರ್ಜಿಯ ಕೆಲಸವೆನ್ನುವುದಾದರೆ, ಬೇಲೂರಿನ ಶಿಲ್ಪಿಯದು ಕಲ್ಲು ಒಡೆಯುವ ಕೆಲಸವೆನ್ನಬೇಕು. ಅವನೂ ಬೇಡದ್ದನ್ನು ತೆಗೆದವನೇ.

೧೯೩೭ರ ವೆನಿಸ್ ಚಿತ್ರೋತ್ಸವದಲ್ಲಿ ಈ ಚಿತ್ರಕ್ಕೆ ಅತ್ಯುತ್ತಮ ನಿರ್ದೇಶನದ ಪ್ರಶಸ್ತಿ ಬಂದಿತು. ಪ್ರಶಸ್ತಿ ಸಂದುದು ಫ್ಲಹರ್ಟಿಗೂ ಜೋಲ್ಟಾನ್ ಕೋರ್ಡಾಗೂ ಜಂಟಿಯಾಗಿ. ಬೇರೆ ಬೇರೆ ಖಂಡಗಳಲ್ಲಿ ಬೇರೆ ಬೇರೆ ಚಿತ್ರಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಕೆಲಸ ಮಾಡಿದ ಇಬ್ಬರಿಗೆ ಒಂದೇ ನಿರ್ದೇಶನಕ್ಕಾಗಿ ಬಹುಮಾನ! ಅವರಿಬ್ಬರನ್ನು ಒಬ್ಬ ನಿರ್ದೇಶಕನನ್ನಾಗಿ ಮಾಡಿ ತೋರಿಸಿದವನ ಹೆಸರು ಆ ಪ್ರಶಸ್ತಿಯಲ್ಲಿ ಇರಲಿಲ್ಲ.

ಈ ತರುಣನ ಮುಂದಿನ ಬಾಳೇ ನನ್ನ ವಾದಕ್ಕೆ ಆಧಾರ. ಆಕ್ಸ್‌ಫರ್ಡಿನಲ್ಲಿ ಇತಿಹಾಸ ಓದಿ ಕೋರ್ಡಾನ ಸಂಸ್ಥೆಗೆ ಸಂಕಲನದ ಸಹಾಯಕನಾಗಿ ಸೇರಿದ ಕ್ರೈಟನ್, ೧೯೪೦ರ ‘ದ ಥೀಫ್ ಆಫ್ ಬಾಗ್ದಾದ್’ ಚಿತ್ರದ ಸಂಕಲನವನ್ನೂ ಮಾಡಿದನು. ಅದರಲ್ಲಿಯೂ ನಮ್ಮ ಸಾಬು ಇದ್ದನು. ನಿರ್ದೇಶಕರೆಂದು ಹೆಸರು ಹಾಕಿಸಿಕೊಂಡವರೇ ಮೂವರು. ಹೆಸರಿಲ್ಲದೆ ಕೈಯಾಡಿಸಿದವರು ಇನ್ನೂ ಕೆಲವರು. ನಡುವೆ ಯುದ್ಧ ಬಂದು ಕೊನೆಯ ಭಾಗವನ್ನು ಅಮೆರಿಕದಲ್ಲಿ ಮುಗಿಸಬೇಕಾಯಿತು. ಅಷ್ಟು ಕೈಗಳ ಅಡಿಗೆ ಒಂದೇ ರುಚಿಯಾಗಿ ಬಂದುದು ಹೇಗೆಂದು ಈಗ ವಾಚಕರಿಗೆ ಹೇಳಬೇಕಾಗಿಲ್ಲ.

ಆಮೇಲೆ ಕ್ರೈಟನ್ ಈಲಿಂಗ್ ಸ್ಟುಡಿಯೋಗೆ ಹೋಗಿ, ೧೯೪೪ರಲ್ಲಿ ನಿರ್ದೇಶಕನಾದನು. ೧೯೪೭ರ ‘ಹ್ಯೂ ಅಂಡ್ ಕ್ರೈ’, ೧೯೫೧ರ ‘ದ ಲ್ಯಾವೆಂಡರ್ ಹಿಲ್ ಮಾಬ್’, ೧೯೫೩ರ ‘ದ ಟಿಟ್‌ಫೀಲ್ಡ್ ಥಂಡರ್‌ಬೋಲ್ಟ್’ ಅವನವು. ಕೊನೆಯದರ ಕಥೆ ನಮ್ಮ ಚಾಮರಾಜನಗರದ ರೈಲುದಾರಿಯನ್ನು ಬಲ್ಲವರಿಗೆ ಇಷ್ಟವಾಗತಕ್ಕದ್ದು: ಸರ್ಕಾರ ಮುಚ್ಚಹೊರಟ ಕವಲುದಾರಿಯ ರೈಲನ್ನು ಊರವರೇ ನಡೆಸಿಕೊಳ್ಳುತ್ತಾರೆ. ನಗೆಯ ಚಿತ್ರದಲ್ಲಿ ಒಂದು ಮಾತು ಅರ್ಧ ಸೆಕೆಂಡು ತಡವಾದರೆ ನಗೆ ಸತ್ತಿತು. ಆ ಅರ್ಧ ಸೆಕೆಂಡಿನಲ್ಲಿ ಹನ್ನೆರಡು ಚೌಕಟ್ಟುಗಳಿವೆ ಎಂಬುದು ಎಣಿಸಿ ಕತ್ತರಿಸಿದವನಿಗೆ ಗೊತ್ತು. ಕ್ರೈಟನ್ನನ ನಗೆ ಹುಟ್ಟಿದುದು ಆ ಎಣಿಕೆಯಿಂದ.

ನಿರ್ದೇಶಕನಾದ ಮೇಲೂ ಅವನು ಕತ್ತರಿಯನ್ನು ಕೆಳಗಿಡಲಿಲ್ಲ. ೧೯೪೯ರಲ್ಲಿ ಅಲೆಕ್ಸಾಂಡರ್ ಮೆಕೆಂಡ್ರಿಕ್ ಎಂಬ ಹೊಸ ನಿರ್ದೇಶಕನ ‘ವಿಸ್ಕಿ ಗ್ಯಾಲೋರ್’ ಚಿತ್ರ ಸ್ಟುಡಿಯೋದವರಿಗೆ ಹಿಡಿಸದೆ ಮೂಲೆ ಸೇರುವಂತಾಗಿತ್ತು. ಕ್ರೈಟನ್ ಅದನ್ನು ಕೈಗೆ ತೆಗೆದುಕೊಂಡು, ಬೇಕಾದ ಒಂದಷ್ಟು ತುಣುಕುಗಳನ್ನು ಸೇರಿಸಿ, ಮತ್ತೆ ಸಂಕಲಿಸಿಕೊಟ್ಟನು. ಚಿತ್ರ ಗೆದ್ದಿತು, ಮೆಕೆಂಡ್ರಿಕ್ ದೊಡ್ಡವನಾದನು, ಚಿತ್ರದ ಮೇಲೆ ಕ್ರೈಟನ್ನನ ಹೆಸರು ಇಲ್ಲ. ತನ್ನ ಸರಿಸಮನ ಕೀರ್ತಿಯನ್ನು ತನ್ನ ಕೈಯಿಂದಲೇ ಕಟ್ಟಿಕೊಟ್ಟು ಹೆಸರು ಕೇಳದೆ ಎದ್ದುಹೋಗುವ ಬುದ್ಧಿಯನ್ನು ಯಾವ ಶಾಲೆ ಕಲಿಸುತ್ತದೆಯೋ ಆ ಶಾಲೆಯೇ ಸಂಕಲನದ ಕೋಣೆ.

ಏರಿದವನಿಗೆ ಇಳಿತವೂ ಬಂದಿತು. ಈಲಿಂಗ್ ಸ್ಟುಡಿಯೋ ಮುಚ್ಚಿತು. ಅಮೆರಿಕದಲ್ಲಿ ‘ಬರ್ಡ್‌ಮನ್ ಆಫ್ ಆಲ್ಕಟ್ರಾಜ್’ ಚಿತ್ರವನ್ನು ಆರಂಭಿಸಿದವನು, ತಾರೆಯಾದ ಬರ್ಟ್ ಲ್ಯಾಂಕಾಸ್ಟರನೊಡನೆ ಹೊಂದದೆ ಹೊರಬರಬೇಕಾಯಿತು. ೧೯೬೫ರ ಬಳಿಕ ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಅವನ ಕಥಾಚಿತ್ರವೊಂದು ತೆರೆಗೆ ಬರಲಿಲ್ಲ. ದೂರದರ್ಶನದ ಧಾರಾವಾಹಿಗಳನ್ನು ಮಾಡಿದನು. ಕಚೇರಿಯ ನೌಕರರಿಗೆ ಕೆಲಸ ಕಲಿಸುವ ಸಣ್ಣ ಚಿತ್ರಗಳನ್ನೂ ಮಾಡಿದನು. ಅದು ತನಗೆ ಕುಂದೆಂದು ಎಣಿಸಿದಂತೆ ಕಾಣುವುದಿಲ್ಲ. ಆ ಸಣ್ಣ ಚಿತ್ರಗಳಲ್ಲಿಯೇ ಜಾನ್ ಕ್ಲೀಸ್ ಎಂಬ ಹಾಸ್ಯನಟನ ಸ್ನೇಹ ಗಟ್ಟಿಯಾಯಿತು. ಇಬ್ಬರೂ ಕೂಡಿ ಹೆಣೆದ ಕಥೆಯೇ ೧೯೮೮ರ ‘ಎ ಫಿಶ್ ಕಾಲ್ಡ್ ವಾಂಡಾ’. ಮುದುಕನ ಕೈಗೆ ಹಣ ಕೊಡಲು ಸ್ಟುಡಿಯೋದವರು ಅಂಜಿದರು. ಸಹನಿರ್ದೇಶಕನಾಗಿ ಜೊತೆಗೆ ನಿಲ್ಲುತ್ತೇನೆಂದು ಕ್ಲೀಸ್ ಧೈರ್ಯ ಹೇಳಬೇಕಾಯಿತು. ಚಿತ್ರ ಲೋಕವನ್ನೆಲ್ಲ ನಗಿಸಿತು. ೧೯೧೦ರಲ್ಲಿ ಹುಟ್ಟಿದ ಕ್ರೈಟನ್ ಎಪ್ಪತ್ತೆಂಟನೆಯ ವಯಸ್ಸಿನಲ್ಲಿ ನಿರ್ದೇಶನಕ್ಕಾಗಿ ಆಸ್ಕರ್ ಪ್ರಶಸ್ತಿಯ ಉಮೇದುವಾರರ ಪಟ್ಟಿಗೆ ಬಂದನು. ೧೯೯೯ರಲ್ಲಿ ತೀರಿಕೊಂಡನು.

ಇದು ಒಬ್ಬನ ಅದೃಷ್ಟದ ಕಥೆಯಲ್ಲ. ಡೇವಿಡ್ ಲೀನ್ ಮೊದಲು ಸಂಕಲನಕಾರ. ‘ದ ಸೌಂಡ್ ಆಫ್ ಮ್ಯೂಸಿಕ್’ ಮಾಡಿದ ರಾಬರ್ಟ್ ವೈಸ್ ಮೊದಲು ‘ಸಿಟಿಜನ್ ಕೇನ್’ ಚಿತ್ರದ ಸಂಕಲನಕಾರ. ನಮ್ಮ ದೇಶದಲ್ಲಿ ಹೃಷಿಕೇಶ್ ಮುಖರ್ಜಿ, ಬಿಮಲ್ ರಾಯ್ ಅವರ ‘ದೋ ಬಿಘಾ ಜಮೀನ್’ ಚಿತ್ರವನ್ನು ಸಂಕಲಿಸಿ, ಆಮೇಲೆ ‘ಆನಂದ್’ ಚಿತ್ರವನ್ನು ನಿರ್ದೇಶಿಸಿದವರು. ಬೇಕು ಬೇಡಗಳ ವಿವೇಕ ಕೈಗೆ ಹತ್ತಿದವನು ಕ್ಯಾಮೆರಾದ ಹಿಂದೆ ನಿಂತಾಗ ಬೇಡದ್ದನ್ನು ತೆಗೆಯುವುದೇ ಇಲ್ಲ. ನಮ್ಮ ಚಿತ್ರಗಳು ಎರಡೂಮುಕ್ಕಾಲು ಗಂಟೆ ಹಿಗ್ಗುವುದು ಏಕೆಂದು ಗೋಳಾಡುವವರು ಈ ಮಾತನ್ನು ಸ್ವಲ್ಪ ಯೋಚಿಸಬೇಕು.

ಇಷ್ಟು ಹೊಗಳಿದ ಮೇಲೆ ಇದೇ ಕತ್ತರಿಯ ಇನ್ನೊಂದು ಮುಖವನ್ನು ತೋರಿಸದಿದ್ದರೆ ನಾನು ವಕೀಲನಾಗುತ್ತೇನೆಯೇ ಹೊರತು ಪ್ರಾಮಾಣಿಕನಾಗುವುದಿಲ್ಲ. ‘ಎಲಿಫೆಂಟ್ ಬಾಯ್’ಗೆ ಎರಡು ವರ್ಷ ಮೊದಲು, ೧೯೩೫ರಲ್ಲಿ, ಕ್ರೈಟನ್ ‘ಸ್ಯಾಂಡರ್ಸ್ ಆಫ್ ದ ರಿವರ್’ ಚಿತ್ರದ ಸಂಕಲನ ಮಾಡಿದ್ದನು. ಅದರಲ್ಲಿಯೂ ಇದೇ ವಿಧಾನ: ಆಫ್ರಿಕಾದಲ್ಲಿ ತೆಗೆದ ಜನರ, ನೃತ್ಯದ, ನದಿಯ ಚಿತ್ರ ಒಂದು ಕಡೆ, ಸ್ಟುಡಿಯೋದ ಕಥೆ ಇನ್ನೊಂದು ಕಡೆ. ಆಫ್ರಿಕನ್ನರ ಘನತೆಯನ್ನು ತೋರಿಸುವ ಚಿತ್ರವೆಂದು ನಂಬಿ ನಟಿಸಿದ ಮಹಾಗಾಯಕ ಪಾಲ್ ರೋಬ್‌ಸನ್, ಮುಗಿದ ಚಿತ್ರ ಸಾಮ್ರಾಜ್ಯದ ಸ್ತೋತ್ರವಾಗಿರುವುದನ್ನು ಕಂಡು ನೊಂದು, ಮುಂದೆ ಆ ಚಿತ್ರವನ್ನು ತಿರಸ್ಕರಿಸಿದನು. ಇದರ ಪಾಪವನ್ನು ಇಪ್ಪತ್ತನಾಲ್ಕು ವರ್ಷದ ಸಂಬಳಗಾರನ ತಲೆಗೆ ಕಟ್ಟುವುದು ನ್ಯಾಯವಲ್ಲ. ಅದು ಯಜಮಾನರ ಇಷ್ಟ. ಆದರೆ ಒಂದು ಮಾತು ನಿಶ್ಚಯ. ಮನುಷ್ಯರು ಅವರೇ, ಮುಖ ಅದೇ, ನೃತ್ಯ ಅದೇ. ಪಕ್ಕಕ್ಕೆ ಯಾವ ತುಣುಕನ್ನು ಇಟ್ಟರು ಎಂಬುದರಿಂದ ಅರ್ಥ ತಲೆಕೆಳಗಾಗುತ್ತದೆ. ಹೆಮ್ಮೆಯಿಂದ ನಿಂತವನನ್ನು ಆಳಾಗಿ ಮಾಡಬಲ್ಲ ಶಕ್ತಿ ಒಂದು ಸೀಳಿನಲ್ಲಿದೆ. ಇಷ್ಟು ಶಕ್ತಿಯಿರುವವನನ್ನು ಹೆಸರಿಲ್ಲದೆ ಇಡುವುದು ಅವನಿಗೆ ಮಾಡುವ ಅನ್ಯಾಯ ಮಾತ್ರವಲ್ಲ. ನಮಗೆ ನಾವೇ ಮಾಡಿಕೊಳ್ಳುವ ಮೋಸ. ಹೆಸರಿಲ್ಲದವನಿಗೆ ಹೊಣೆಯೂ ಇಲ್ಲ.

ಈ ಮಾತು ನಮ್ಮ ಸೀಮೆಗೆ ಬಹಳ ಹತ್ತಿರದ್ದು. ಚಾಮರಾಜನಗರದ ಕರಿಕಲ್ಲು ಗಣಿಯಿಂದ ದಿಮ್ಮಿಯಾಗಿ ಹೊರಟು, ಪರದೇಶಗಳಲ್ಲಿ ಹೊಳಪು ಪಡೆದು ದೊಡ್ಡವರ ಮನೆಯ ನೆಲವಾಗುತ್ತದೆ. ನಮ್ಮ ಕಾಡೂ ಹಾಗೆಯೇ ಸುರುಳಿಯಾಗಿ ಹೊರಟು ಡೆನ್ಹಮ್ಮಿನಲ್ಲಿ ಕಥೆಯಾಯಿತು. ಖೆಡ್ಡಾದಲ್ಲಿ ಜೀವವನ್ನು ಒತ್ತೆಯಿಟ್ಟು ದುಡಿದ ಜೇನುಕುರುಬರು ಆ ಕಥೆಯಲ್ಲಿ ಹಿನ್ನೆಲೆಯಾದರು. ಬಣ್ಣ ಬಳಿದುಕೊಂಡ ಪರದೇಶದವರು ಮುಂದೆ ನಿಂತು ಮಾತನಾಡಿದರು. ನಾವಾದರೋ ‘ಸಾಬು ನಮ್ಮವನು, ಆನೆ ನಮ್ಮದು’ ಎಂದು ಹೆಮ್ಮೆಪಟ್ಟು ಸುಮ್ಮನಾದೆವು. ನಮ್ಮ ಕಾಡನ್ನು ಕತ್ತರಿಸಿ ಜೋಡಿಸಿದವರಾರು, ಬಿಟ್ಟ ಮೂವತ್ತೊಂಬತ್ತು ಪಾಲಿನಲ್ಲಿ ಏನಿತ್ತು ಎಂದು ಕೇಳಲಿಲ್ಲ. ಕೊನೆಯ ಖೆಡ್ಡಾ ೧೯೭೧ರಲ್ಲಿ ಮುಗಿಯಿತು. ೧೯೭೪ರಲ್ಲಿ ಕಬಿನಿಯ ಅಣೆಕಟ್ಟು ಎದ್ದು ಆ ಕಾಡಿನ ಭಾಗ ನೀರಿನಡಿ ಸೇರಿತು. ೧೯೩೫ರ ಆ ಕಾಡು, ಆ ಜನ, ಆ ಹೊಳೆಯ ದಂಡೆ ಇನ್ನು ಫಿಲ್ಮಿನಲ್ಲಿ ಮಾತ್ರ ಇರಲು ಸಾಧ್ಯ. ಅದರಲ್ಲಿ ಎಂಬತ್ತು ನಿಮಿಷದೊಳಗಿನ ಪಾಲು ಮಾತ್ರ ಜನರ ಕಣ್ಣಿಗೆ ಬಿದ್ದಿದೆ.

ಕೆಲವರು ಕೇಳಬಹುದು: ‘ನಿರ್ದೇಶಕ ಹೇಳಿದಂತೆ ತಾನೆ ಸಂಕಲನಕಾರ ಕತ್ತರಿಸುವುದು?’ ಹೌದು, ಹೇಳುವ ನಿರ್ದೇಶಕನಿದ್ದಾಗ. ನಟನೂ ನಿರ್ದೇಶಕ ಹೇಳಿದಂತೆಯೇ ನಟಿಸುತ್ತಾನೆ. ಅವನ ಆಳೆತ್ತರದ ಚಿತ್ರವನ್ನು ಬೀದಿಯಲ್ಲಿ ನಿಲ್ಲಿಸಿ ಹಾಲೆರೆಯುವುದಿಲ್ಲವೆ? ಇನ್ನು ಕೆಲವರು, ‘ಈಗ ಕತ್ತರಿ ಎಲ್ಲಿದೆ? ಎಲ್ಲವನ್ನೂ ಕಂಪ್ಯೂಟರ್ ಮಾಡುತ್ತದೆ’ ಎನ್ನುತ್ತಾರೆ. ಕಂಪ್ಯೂಟರ್ ಕತ್ತರಿಸುತ್ತದೆ, ದಿಟ. ಎಲ್ಲಿ ಕತ್ತರಿಸಬೇಕೆಂದು ಹೇಳುವವನು ಮನುಷ್ಯ. ಲೇಖನಿ ಹೋಗಿ ಬೆರಳಚ್ಚು ಯಂತ್ರ ಬಂದಾಗ ಕವಿಗಳು ಬೇಡವೆಂದು ಯಾರೂ ಹೇಳಲಿಲ್ಲ. ಹಿಂದೆ ಫಿಲ್ಮಿನ ಬೆಲೆಗೆ ಅಂಜಿಯಾದರೂ ಅಳೆದು ತೆಗೆಯುತ್ತಿದ್ದರು. ಈಗ ಆ ಅಂಜಿಕೆಯೂ ಇಲ್ಲವಾಗಿ ರಾಶಿ ದೊಡ್ಡದಾಗಿದೆ. ಆರಿಸುವವನ ಬೆಲೆ ಏರಬೇಕಾಗಿತ್ತು.

‘ಪರದೇಶದವನನ್ನು ಏಕೆ ಹೊಗಳುತ್ತೀರಿ, ನಮ್ಮವರಿಲ್ಲವೆ?’ ಎನ್ನುವವರಿಗೆ ನನ್ನ ಉತ್ತರ: ಇದ್ದಾರೆ, ಅವರ ಹೆಸರು ನೀವು ಹೇಳಿ. ೧೯೭೦ರ ‘ಸಂಸ್ಕಾರ’ಕ್ಕೆ ರಾಷ್ಟ್ರಪತಿಯ ಸ್ವರ್ಣಕಮಲ ಬಂದುದು ಎಲ್ಲರಿಗೂ ಗೊತ್ತು. ಅನಂತಮೂರ್ತಿಯವರ ಕಾದಂಬರಿ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ, ಕಾರ್ನಾಡರ ಪ್ರಾಣೇಶಾಚಾರ್ಯ, ಲಂಕೇಶರ ನಾರಣಪ್ಪ ಎಂದು ಒಂದೇ ಉಸಿರಿಗೆ ಹೇಳುತ್ತೇವೆ. ಅದರ ಸಂಕಲನಕಾರ ಸ್ಟೀವನ್ ಕಾರ್ಟಾ ಎಂದು ಎಷ್ಟು ಮಂದಿ ಹೇಳಬಲ್ಲರು? ಮಣಿರತ್ನಂ ಅವರ ‘ಬಾಂಬೆ’ ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದ ಸುರೇಶ್ ಅರಸ್ ಕನ್ನಡಿಗರೆಂಬುದು ಎಷ್ಟು ಮನೆಗಳಲ್ಲಿ ಮಾತಾಗಿದೆ? ೨೦೧೮ರ ‘ನಾತಿಚರಾಮಿ’ ಚಿತ್ರದ ಸಂಕಲನಕ್ಕೆ ನಾಗೇಂದ್ರ ಕೆ. ಉಜ್ಜನಿ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಾಗ ಯಾವ ಊರಿನಲ್ಲಿ ಮೆರವಣಿಗೆ ಹೊರಟಿತು? ಮೈಸೂರಿನ ವಿ.ಕೆ. ಮೂರ್ತಿಯವರಿಗೆ ೨೦೦೮ರ ಸಾಲಿನ ಫಾಲ್ಕೆ ಪ್ರಶಸ್ತಿ ಬಂದು ಛಾಯಾಗ್ರಾಹಕರ ತಲೆ ಎತ್ತಿತು. ಸಂಕಲನವನ್ನೇ ಕಡೆಯವರೆಗೆ ಕಸುಬಾಗಿ ಉಳಿಸಿಕೊಂಡ ಒಬ್ಬರಿಗೂ ಆ ಗೌರವ ಸಂದಿಲ್ಲ. ಆಸ್ಕರಿನವರು ೧೯೩೪ರ ಚಿತ್ರಗಳಿಂದಲೇ ಸಂಕಲನಕ್ಕೆ ಬೇರೆ ಬಹುಮಾನ ಇಟ್ಟರು. ಅದು ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ಬಂದ ವರ್ಷ. ಆ ‘ಸತಿ ಸುಲೋಚನ’ದ ಒಂದು ಪ್ರತಿಯನ್ನೂ ನಾವು ಉಳಿಸಿಕೊಳ್ಳಲಿಲ್ಲ.

ಹೆಸರನ್ನು ಮರೆಯುವುದಕ್ಕೂ ಸುರುಳಿಯನ್ನು ಕಳೆಯುವುದಕ್ಕೂ ಮೂಲ ಒಂದೇ. ಸಿನಿಮಾ ಎಂದರೆ ತೆರೆಯ ಮೇಲಿನ ಮುಖ ಎಂದು ತಿಳಿದವನಿಗೆ ಮುಖ ಮಾಸಿದ ಮೇಲೆ ಸುರುಳಿ ಕಸ. ಸಿನಿಮಾ ಎಂದರೆ ಒಬ್ಬರು ತೆಗೆದದ್ದನ್ನು ಇನ್ನೊಬ್ಬರು ಆರಿಸಿ, ಮತ್ತೊಬ್ಬರು ಕಾಪಾಡಿ ಇಡುವ ಕೆಲಸವೆಂದು ತಿಳಿದವನು ಮಾತ್ರ ಸುರುಳಿಯನ್ನು ತಾಳೆಗರಿಯಂತೆ ನೋಡುತ್ತಾನೆ. ತಾಳೆಗರಿಯ ಪ್ರತಿಕಾರನ ಹೆಸರನ್ನು ನಮ್ಮ ವಿದ್ವಾಂಸರು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಹುಡುಕುತ್ತಾರೆ. ಬಿಟ್ಟ ಸಾಲು ಯಾವುದು, ಸೇರಿಸಿದ ಸಾಲು ಯಾವುದು ಎಂದು ತಿಂಗಳುಗಟ್ಟಲೆ ಜಗಳವಾಡುತ್ತಾರೆ. ಆ ಶ್ರದ್ಧೆಯಲ್ಲಿ ನಲವತ್ತನೆಯ ಒಂದು ಪಾಲು ಫಿಲ್ಮಿಗೆ ಸಲ್ಲಲಿ ಎಂದಷ್ಟೇ ನನ್ನ ಕೋರಿಕೆ.

ನಾನು ಕೇಳುವುದು ದೊಡ್ಡದೇನೂ ಅಲ್ಲ. ಪತ್ರಿಕೆಗಳಲ್ಲಿ ಚಿತ್ರವಿಮರ್ಶೆ ಬರೆಯುವವರು ಸಂಕಲನಕಾರನ ಹೆಸರನ್ನು ಬರೆಯಲಿ. ‘ಸಂಕಲನ ಚುರುಕಾಗಿದೆ’ ಎಂಬ ಒಂದು ಸವೆದ ನಾಣ್ಯದಿಂದ ಸಾಲ ತೀರಿಸದೆ, ಯಾವ ಸನ್ನಿವೇಶದಲ್ಲಿ ಏನು ಮಾಡಿದ್ದಾನೆಂದು ಹೇಳಲಿ. ಚಿತ್ರೋತ್ಸವ ನಡೆಸುವವರು ನಟರಿಗೆ ಹಾಕುವ ಹತ್ತು ಕುರ್ಚಿಗಳ ಪಕ್ಕದಲ್ಲಿ ಅವನಿಗೊಂದು ಕುರ್ಚಿ ಹಾಕಲಿ. ಸರ್ಕಾರ ಚಾಮರಾಜನಗರ ಜಿಲ್ಲೆಗೆ ೧೯೯೭ರಲ್ಲಿ ಬೇರೆ ಕಚೇರಿಗಳನ್ನು ಕೊಟ್ಟಿತು. ಈ ಸೀಮೆಯ ಕಾಡು, ಖೆಡ್ಡಾ, ಜನಜೀವನ ಇವುಗಳ ಚಲಚ್ಚಿತ್ರ ಎಲ್ಲೆಲ್ಲಿ ಉಳಿದಿದೆಯೋ ಅದರ ಪ್ರತಿಗಳನ್ನು ತರಿಸಿ, ಇಲ್ಲಿನ ಮಕ್ಕಳು ನೋಡುವಂತೆ ಒಂದು ಕೋಣೆಯನ್ನೂ ಕೊಡಲಿ. ಜೇನುಕುರುಬರ ಹುಡುಗನೊಬ್ಬ ಅಲ್ಲಿ ಕುಳಿತು, ತನ್ನ ಅಜ್ಜನ ಕಾಲದ ಕಾಡನ್ನು ತನಗೆ ಬೇಕಾದ ಹಾಗೆ ಕತ್ತರಿಸಿ ಜೋಡಿಸುವ ದಿನ ಬರಲಿ. ಆಗ ಹಿನ್ನೆಲೆಯಲ್ಲಿದ್ದವರು ಮುಂದಕ್ಕೆ ಬರುತ್ತಾರೆ. ಬಣ್ಣ ಬಳಿದುಕೊಂಡವರು ಹಿಂದಕ್ಕೆ ಸರಿಯುತ್ತಾರೆ.

ಸಭೆಯ ಸಜ್ಜನರು ಅದನ್ನೂ ದರ್ಜಿಯ ಕೆಲಸವೆನ್ನಲಿ, ನನಗೆ ಚಿಂತೆಯಿಲ್ಲ. ನಮ್ಮ ಬಟ್ಟೆಯನ್ನು ನಮ್ಮ ಮೈಯ ಅಳತೆಗೆ ಕತ್ತರಿಸಬಲ್ಲ ದರ್ಜಿ ನಮ್ಮ ಊರಿನಲ್ಲಿ ಹುಟ್ಟುವವರೆಗೆ, ಕಂಡವರು ಹೊಲಿದುಕೊಟ್ಟ ಅಂಗಿಯನ್ನೇ ತೊಟ್ಟು ಕನ್ನಡಿಯ ಮುಂದೆ ಹಿಗ್ಗುತ್ತಿರಬೇಕಾಗುತ್ತದೆ.